ದಾರದಿಂದ ಮೂರು, ಅಂಚಿನಿಂದ ಎಂಟು

ಕಲಘಟಗಿ
ತಾ. 12-6-1985

ಚಿ. ಮೈಲಾರಿಗೆ,

ನಿನ್ನ ದೊಡ್ಡವ್ವ ಫಕೀರವ್ವ ಬರೆಯುತ್ತಿದ್ದೇನೆ. ಕಾಗದದ ಮೂಲೆಯಲ್ಲಿ ಹಸಿರು ಹೆಬ್ಬೆಟ್ಟು ಬಿದ್ದಿದೆ, ನೋಡಿ ಗಾಬರಿಯಾಗಬೇಡ. ತೊಟ್ಟಿಲಿನ ಮೇಲಿನ ಗಿಳಿಗೆ ರೆಕ್ಕೆ ಬರೆಯುತ್ತಿದ್ದವಳು ಕೈ ಒರೆಸಿಕೊಳ್ಳದೆ ಹಾಗೇ ಬರೆಯಲು ಕೂತಿದ್ದೇನೆ.

ಭಾನುವಾರ ಅಳ್ನಾವರಕ್ಕೆ ಬಂದಾಗ ನೀನು ಅಡಿಗೆಮನೆ ಬಿಟ್ಟು ಹೊರಗೆ ಬರಲೇ ಇಲ್ಲ. ನಿಮ್ಮವ್ವ ರೇಣುಕಾ ನನ್ನ ಕಿವಿಯಲ್ಲಿ ಹೇಳಿದಳು: "ಅಕ್ಕಾ, ಎಸ್ಸೆಸ್ಸೆಲ್ಸ್ಯಾಗ ಎಲ್ಲಾದ್ರಾಗೂ ಪಾಸಾಗ್ಯಾಳ. ಗಣಿತ ಒಂದ್ರಾಗ ಇಪ್ಪತ್ತೆಂಟು." ಮೂವತ್ತೈದಕ್ಕೆ ಏಳು ಕಡಿಮೆ. ಏಳು ಅಂಕಕ್ಕೆ ಒಬ್ಬ ಹುಡುಗಿ ಒಲೆಯ ಮುಂದೆ ಹೊಗೆಯ ನೆಪ ಮಾಡಿ ಕಣ್ಣು ಒರೆಸಿಕೊಳ್ಳಬೇಕೇನು?

ನಿಮ್ಮಪ್ಪ ಹೊಳೆಯಪ್ಪ ಅಂದದ್ದು ನಿನಗೂ ಕೇಳಿಸಿರಬೇಕು. ಅವನ ದನಿ ರೈಲಿನ ಸಪ್ಪಳ ದಾಟಿ ಕೇಳಿಸುವಂಥದ್ದು. "ಅಕ್ಟೋಬರಕ್ಕ ಇನ್ನೊಮ್ಮೆ ಕೂಡ್ಲಿ ಅಕ್ಕಾರ. ಪಾಸಾದ್ರ ಧಾರವಾಡಕ್ಕ ಕಾಲೇಜಿಗೆ ಕಳಸ್ತೇನಿ. ಇಲ್ಲಂದ್ರ ನಿಮ್ಮ ಹಂತ್ಯಾಕ ತಂದು ಬಿಡ್ತೇನಿ. ತೊಟ್ಟಿಲಕ್ಕ ಬಣ್ಣಾ ಹಚ್ಚಲಿ. ನಿಮಗೂ ಒಂದು ಕೈ ಆಕ್ಕೈತಿ."

ನಾನು ಚಹಾ ಕುಡಿದು ಬಸ್ಸಿಗೆ ಎದ್ದೆ. ಬೇಡ ಅನ್ನಬೇಕಿತ್ತೋ, ಹೂಂ ಅನ್ನಬೇಕಿತ್ತೋ, ಬಸ್ಸಿನಲ್ಲಿ ಬರುವಾಗಲೂ ತಿಳಿಯಲಿಲ್ಲ.

ಕೈ ಬೇಕಾಗಿದೆ ಎಂಬುದು ಸುಳ್ಳಲ್ಲ. ನಿಮ್ಮ ದೊಡ್ಡಪ್ಪ ಹೋದ ಮೇಲೆ ಆರು ವರ್ಷದಿಂದ ಒಬ್ಬಳೇ ಬಣ್ಣ ಅರೆದು, ಒಬ್ಬಳೇ ಹಚ್ಚುತ್ತಿದ್ದೇನೆ. ಪ್ರತಿ ಹಲಿಗೆಗೂ ಮೊದಲು ನಟ್ಟನಡುವೆ ಕಾವಿ ಹಚ್ಚಿದ ದಾರ ಹಿಡಿದು ಗೆರೆ ಹೊಡೆಯಬೇಕಲ್ಲ, ಒಂದು ತುದಿ ಅವರು ಹಿಡಿಯುತ್ತಿದ್ದರು. ಈಗ ಆ ತುದಿಯನ್ನು ಗೋಡೆಯ ಮೊಳೆಗೆ ಕಟ್ಟಿ ಎಳೆಯುತ್ತೇನೆ. ಮೊಳೆ ಮಾತಾಡುವುದಿಲ್ಲ, ಅಷ್ಟೇ ಕೊರತೆ.

ಆದರೆ ನೀನು ಬಿದ್ದು ನನ್ನ ಕಡೆ ಬರುವುದು ನನಗೆ ಬೇಡ. ನಿನ್ನ ತಲೆ ತಿನ್ನುವ ಲೆಕ್ಕ ಯಾವುದು, ಒಂದನ್ನು ಬರೆದು ಕಳಿಸು. ನಗಬೇಡ. ಮದುವೆಯಾದಾಗ ನನಗೆ ಒಂದು ಅಕ್ಷರ ಬರುತ್ತಿರಲಿಲ್ಲ. ಜನ ತೊಟ್ಟಿಲಿನ ಮೇಲೆ ಹೆಸರು ಬರೆಸುತ್ತಿದ್ದರು. ನಾನು ಚೀಟಿ ನೋಡಿ ಅಕ್ಷರವನ್ನು ಹೂಬಳ್ಳಿಯ ಹಾಗೆ ಚಿತ್ರ ಬರೆಯುತ್ತಿದ್ದೆ. ಬರೆದು ಬರೆದು ಒಂದು ದಿನ ಅದು ಓದಿಸಿಕೊಂಡಿತು. ನಿನ್ನ ಲೆಕ್ಕವೂ ಹಾಗೇ ಬಗ್ಗಬಹುದು.

ನಿನ್ನ ದೊಡ್ಡವ್ವ
ಫಕೀರವ್ವ


ಅಳ್ನಾವರ
ತಾ. 24-6-1985

ದೊಡ್ಡವ್ವನ ಪಾದಕ್ಕೆ ಮೈಲಾರಿಯ ನಮಸ್ಕಾರ.

ನಿನ್ನ ಹಸಿರು ಹೆಬ್ಬೆಟ್ಟಿನ ಮೇಲೆ ನನ್ನ ಹೆಬ್ಬೆಟ್ಟು ಇಟ್ಟು ನೋಡಿದೆ. ನನ್ನದು ಸಣ್ಣದು.

ಲೆಕ್ಕ ಕೇಳಿದ್ದೀ, ಬರೆಯುತ್ತೇನೆ. ಇದಕ್ಕೆ ವರ್ಗ ಸಮೀಕರಣ ಅನ್ನುತ್ತಾರೆ.

y = −x² + 10x − 16

x ಎಂದರೆ ಅಡ್ಡಕ್ಕೆ ಎಷ್ಟು ನಡೆದೆವು, y ಎಂದರೆ ಆ ಜಾಗದಲ್ಲಿ ಎತ್ತರ ಎಷ್ಟು. ತಲೆಯ ಮೇಲೆ ಸಣ್ಣ 2 ಇದ್ದರೆ ಆ ಅಂಕಿಯನ್ನು ಅದರಿಂದಲೇ ಗುಣಿಸಬೇಕು. ಇಷ್ಟರವರೆಗೆ ನನಗೆ ತಿಳಿಯುತ್ತದೆ. ಆಮೇಲೆ ಮಾಸ್ತರು ಅದನ್ನೇ ಇನ್ನೊಂದು ರೂಪಕ್ಕೆ ತರುತ್ತಾರೆ:

y = −(x − 2)(x − 8)

ಆಮೇಲೆ ಮತ್ತೊಂದು ರೂಪಕ್ಕೆ:

y = −(x − 5)² + 9

"ರೂಪ ಬ್ಯಾರೆ, ಲೆಕ್ಕ ಒಂದಽ" ಅಂದರು. ಎಲ್ಲರೂ ತಲೆ ಆಡಿಸಿದರು. ನಾನೂ ಆಡಿಸಿದೆ. ಒಂದರಲ್ಲಿ ಹತ್ತು ಹದಿನಾರು ಇವೆ. ಇನ್ನೊಂದರಲ್ಲಿ ಎರಡು ಎಂಟು. ಮೂರನೆಯದರಲ್ಲಿ ಐದು ಒಂಬತ್ತು. ಒಂದು ಅಂಕಿಯೂ ಇನ್ನೊಂದನ್ನು ಹೋಲುವುದಿಲ್ಲ. ಇವು ಮೂರೂ ಒಂದೇ ಎಂದು ಹೇಗೆ ನಂಬಲಿ? ಪರೀಕ್ಷೆಯಲ್ಲಿ ಮೊದಲಿನ ರೂಪ ಕೊಟ್ಟು, ಎತ್ತರ ಸೊನ್ನೆಯಾಗುವ ಜಾಗಗಳು ಯಾವುವು, ಅತಿ ಹೆಚ್ಚಿನ ಎತ್ತರ ಎಷ್ಟು ಎಂದು ಕೇಳುತ್ತಾರೆ. ನಾನು ಅರ್ಧಕ್ಕೆ ಹೋಗಿ ನಿಂತುಬಿಡುತ್ತೇನೆ.

ಅಪ್ಪ ಹಳಿ ತಪಾಸಣೆ ಮುಗಿಸಿ ಬಂದು ನನ್ನ ಪುಸ್ತಕ ನೋಡಿ ಅಂದ: "ನಮ್ಮ ಹಳಿ ಎಷ್ಟು ದೂರ ಹೋದ್ರೂ ಎರಡರ ನಡುವಿನ ಅಂತರ ಒಂದಽ ಇರತೈತಿ. ನಿನ್ನ ಲೆಕ್ಕ ಯಾಕ ಗೇಣಿಗೊಮ್ಮೆ ವೇಷಾ ಹಾಕತೈತಿ?" ಅವ್ವ ನಕ್ಕಳು. ನನಗೆ ನಗು ಬರಲಿಲ್ಲ.

ಶಾಲೆಯಲ್ಲಿ ಈಗ ನನ್ನ ಹೆಸರಿಲ್ಲ. ಬಿದ್ದವರು ಮನೆಯಲ್ಲೇ ಓದಿಕೊಳ್ಳಬೇಕು. ಮಾಸ್ತರು ದಾರಿಯಲ್ಲಿ ಸಿಕ್ಕರೆ ಕೇಳಲು ನಾಚಿಕೆ.

ನಿನ್ನ
ಮೈಲಾರಿ


ಕಲಘಟಗಿ
ತಾ. 8-7-1985

ನನ್ನ ಮೈಲಾರಿ,

ನಿನ್ನ ಪತ್ರ ಬಂದು ಹತ್ತು ದಿನವಾಯಿತು. ಮೊದಲ ಐದು ದಿನ ನಾನು ಆ ಲೆಕ್ಕವನ್ನು ಓದಲಿಲ್ಲ, ನೋಡಿದೆ, ಅಷ್ಟೆ. x ಕತ್ತರಿಯ ಹಾಗೆ ಕಂಡಿತು. y ಕವಲು ಕಟ್ಟಿಗೆಯ ಹಾಗೆ. ಕತ್ತರಿಗೂ ಕವಲಿಗೂ ಏನು ಸಂಬಂಧ ಎಂದು ಅನ್ನ ಬಸಿಯುವಾಗ ಯೋಚನೆ, ಅನ್ನ ಮುದ್ದೆಯಾಯಿತು.

ಆರನೆಯ ದಿನ ಸೀಮೆಸುಣ್ಣ ಹಿಡಿದೆ. ಕತ್ತರಿಯ ಜಾಗದಲ್ಲಿ ಒಂದು ಹಾಕಿದೆ. ಮೈನಸ್ ಏಳು ಬಂತು. ನೆಲದ ಕೆಳಗೆ ಹೋಯಿತು, ಇರಲಿ ಎಂದು ಬಿಟ್ಟೆ. ಎರಡು ಹಾಕಿದೆ, ಸೊನ್ನೆ. ಮೂರಕ್ಕೆ ಐದು. ನಾಲ್ಕಕ್ಕೆ ಎಂಟು. ಐದಕ್ಕೆ ಒಂಬತ್ತು. ಆರಕ್ಕೆ ಮತ್ತೆ ಎಂಟು! ಏಳಕ್ಕೆ ಮತ್ತೆ ಐದು! ಎಂಟಕ್ಕೆ ಸೊನ್ನೆ. ಏರಿದ್ದು ಏರಿದ ಹಾಗೇ ಇಳಿಯಿತು. ಮೈಲಾರಿ, ಇದನ್ನು ನಾನು ಎಲ್ಲೋ ನೋಡಿದ್ದೇನೆ.

ಶರೀಫಸಾಬನ ಕೆಲಸದ ಮನೆಗೆ ಓಡಿದೆ. ನಮ್ಮ ತೊಟ್ಟಿಲುಗಳನ್ನೆಲ್ಲ ಕೊರೆದು ಕೊಡುವ ಬಡಿಗ ಅವನೇ, ನಿನಗೆ ಗೊತ್ತಲ್ಲ. ಹತ್ತು ಇಂಚು ಅಗಲದ ಒಂದು ಹಲಿಗೆ ಬೇಡಿದೆ. ಅದರ ಮೇಲೆ ಇಂಚು ಇಂಚಿಗೆ ಚುಕ್ಕಿ ಇಟ್ಟು ಕೂಡಿಸುತ್ತ ಬಂದರೆ ಕಮಾನು! ತೊಟ್ಟಿಲಿನ ಹಲಿಗೆಯ ಮೇಲೆ ದೇವರ ಚಿತ್ರದ ಸುತ್ತ ಬರೆಯುತ್ತೇವಲ್ಲ, ಅದೇ ಕಮಾನು. ಶರೀಫಸಾಬ ರಂದ ಹೊಡೆಯುವುದು ಬಿಟ್ಟು ನಕ್ಕ. "ಏನ್ರೀ ಫಕೀರವ್ವಾರ, ಈ ವಯಸ್ಸಿನ್ಯಾಗ ಪರೀಕ್ಷಾಕ್ಕ ಕೂಡವ್ರದೀರೇನು? ನಿಮ್ಮ ಕೂಡ ನನ್ನ ಹೆಸರೂ ಬರಸ್ರಿ, ಇಬ್ರೂ ಕೂಡಿ ಬೀಳೂಣು."

ಬೀಳುವವರು ಬೀಳಲಿ. ಈಗ ನಾನು ಹೇಳುವುದನ್ನು ಕೇಳು. ಯಾವ ಹಲಿಗೆಗೂ ನಾವು ಮೊದಲು ಏನು ಮಾಡುತ್ತೇವೆ? ನಡುದಾರ ಹೊಡೆಯುತ್ತೇವೆ. ಆಮೇಲೆ ಏನನ್ನೇ ಎಣಿಸಿದರೂ ದಾರದಿಂದ ಆಚೆಗೆ ಎಷ್ಟು, ಈಚೆಗೆ ಎಷ್ಟು ಎಂದೇ ಎಣಿಕೆ. ಈ ಕಮಾನಿಗೂ ನಡುದಾರ ಹೊಡೆದೆ. ದಾರದ ಮೇಲೆ ಎತ್ತರ ಒಂಬತ್ತು. ಒಂದಿಂಚು ಸರಿದರೆ ಎಂಟು. ಎರಡಿಂಚು ಸರಿದರೆ ಐದು. ಮೂರಿಂಚಿಗೆ ಕಾಲು ನೆಲಕ್ಕೆ ಮುಟ್ಟಿತು. ಸರಿದದ್ದನ್ನು ಅದರಿಂದಲೇ ಗುಣಿಸಿ ಒಂಬತ್ತರಲ್ಲಿ ಕಳೆ, ಎತ್ತರ ಸಿಗುತ್ತದೆ. ಮುಗಿಯಿತು. ನಿನ್ನ ಮೂರು ರೂಪಗಳ ಹೊಟ್ಟೆಯಲ್ಲಿರುವುದು ಇದೊಂದೇ:

9 − x²

ಕಮಾನಿನ ಕಾಲು ಬಲಕ್ಕೆ ಮೂರು, ಎಡಕ್ಕೆ ಮೂರು. ಎಡ ಎಂದರೆ ಮೈನಸ್ ಎಂದು ಬರೆಯಬೇಕೇನೋ, ಅದು ನಿನಗೇ ಗೊತ್ತು. ಆ ಹತ್ತು, ಆ ಹದಿನಾರು ಎಲ್ಲಿಂದ ಬಂದವೋ ನನಗೆ ತಿಳಿಯಲಿಲ್ಲ. ಪುಸ್ತಕ ಬರೆದವರು ಅಂಚಿಗೆ ಬಳ್ಳಿ ಬಿಡಿಸಿದ್ದಾರೆಂದು ಕಾಣುತ್ತದೆ.

ನಿನ್ನ ದೊಡ್ಡವ್ವ
ಫಕೀರವ್ವ


ಅಳ್ನಾವರ
ತಾ. 3-8-1985

ದೊಡ್ಡವ್ವಾ,

ನಿನ್ನ ಪತ್ರವನ್ನು ಏಳು ಸಲ ಓದಿದೆ. ಒಂದು ವರ್ಷ ಬೋರ್ಡಿನ ಮೇಲೆ ನೋಡಿದರೂ ತಿಳಿಯದ್ದು ನಿನ್ನ ಹಲಿಗೆಯ ಮೇಲೆ ಕಂಡಿತು. ಏರಿ ಇಳಿಯುತ್ತದೆ! ನನಗೆ ಯಾರೂ ಇದನ್ನು ಹೇಳಿರಲಿಲ್ಲ, ಅಥವಾ ಹೇಳಿದಾಗ ನಾನು ತಲೆ ಆಡಿಸುತ್ತಿದ್ದೆ. ಅವ್ವನಿಗೆ ಕಮಾನು ಬರೆದು ತೋರಿಸಿದೆ. "ನಮ್ಮ ಅಕ್ಕ ಶಾಲಿ ಮಾಡಿದ್ರ ಸಾಹೇಬಳ ಆಗತಿದ್ಲು" ಅಂದಳು.

ಒಂದೇ ಅನುಮಾನ. ಪುಸ್ತಕದ ಕೊನೆಯಲ್ಲಿ ಈ ಲೆಕ್ಕಕ್ಕೆ ಉತ್ತರ ಕೊಟ್ಟಿದ್ದಾರೆ. ಸೊನ್ನೆಯಾಗುವ ಜಾಗ 2 ಮತ್ತು 8 ಎಂದಿದೆ. ನೀನು 3 ಮತ್ತು −3 ಅಂತೀ. ನಿನ್ನ ಕಮಾನು ನನಗೆ ಕಣ್ಣಿಗೆ ಕಾಣುತ್ತದೆ, ಪುಸ್ತಕದ್ದು ಕಾಣುವುದಿಲ್ಲ. ಪರೀಕ್ಷೆಯಲ್ಲಿ ಯಾವುದನ್ನು ಬರೆಯಲಿ? ಮಾಸ್ತರರನ್ನು ಕೇಳೋಣವೆಂದರೆ ಅವರು ಊರಲ್ಲಿಲ್ಲ, ಮಗಳ ಬಾಣಂತನಕ್ಕೆ ಹೋಗಿದ್ದಾರಂತೆ. ನೀನು ಹೇಳಿದ್ದನ್ನೇ ಬರೆಯುತ್ತೇನೆ. ಬೇಗ ಹೇಳು.

ನಿನ್ನ
ಮೈಲಾರಿ


ಕಲಘಟಗಿ
ತಾ. 19-8-1985

ಚಿ. ಮೈಲಾರಿಗೆ ದೊಡ್ಡವ್ವನ ಆಶೀರ್ವಾದ.

ಈ ಸಲ ಕಾರ್ಡು ಬರೆಯುತ್ತಿದ್ದೇನೆ, ಸಿಟ್ಟಾಗಬೇಡ. ಶ್ರಾವಣದಲ್ಲಿ ಆರು ತೊಟ್ಟಿಲು ಒಟ್ಟಿಗೆ ಬಂದಿವೆ, ಬಣ್ಣ ಆರುವುದೇ ಇಲ್ಲ, ಬೆನ್ನು ನೆಟ್ಟಗಾಗುವುದಿಲ್ಲ. ನೀನು ಕೇಳಿದ್ದಕ್ಕೆ: ದಾರದಿಂದಲೇ ಎಣಿಸು. ಮೂರು ಮತ್ತು ಮೈನಸ್ ಮೂರು. ಹೆದರಬೇಡ.

ಶರೀಫಸಾಬ ಉಳಿದ ತುಂಡಿನಲ್ಲಿ ಇನ್ನೊಂದು ಮಣೆ ಮಾಡಿಕೊಟ್ಟ. ನನ್ನ ಮಣೆಯ ಪಕ್ಕಕ್ಕೇ ಇಟ್ಟಿದ್ದೇನೆ. ನಿನ್ನ ಎತ್ತರಕ್ಕೆ ಸರಿ ಹೋಗುತ್ತದೆ.

ಫಕೀರವ್ವ


ಅಳ್ನಾವರ
ತಾ. 23-10-1985

ದೊಡ್ಡವ್ವನಿಗೆ,

ಗಣಿತದ ಪರೀಕ್ಷೆ ಮುಗಿಯಿತು. ಆ ಲೆಕ್ಕ ಬಂದಿತ್ತು, ಅಂಕಿ ಬೇರೆ: y = −x² + 8x − 12. ಐದು ಅಂಕ. ನಡು ಎಲ್ಲಿದೆ ಎಂದು ಹುಡುಕಿದೆ, ನಾಲ್ಕಕ್ಕೆ ಸಿಕ್ಕಿತು. ಎತ್ತರವೂ ನಾಲ್ಕು. ಅಲ್ಲಿ ದಾರ ಹೊಡೆದು 4 − x² ಎಂದು ಬರೆದೆ. ಸೊನ್ನೆಯಾಗುವ ಜಾಗ 2 ಮತ್ತು −2 ಎಂದು ಬರೆದೆ.

ಹೊರಗೆ ಬರುವಾಗ ಮಾಸ್ತರು ಸಿಕ್ಕರು. ಉತ್ತರ ಹೇಳಿದೆ. ಅವರು ಬೆರಳು ಮಡಚಿ ಲೆಕ್ಕ ಹಾಕಿ ಅಂದರು: "ಎರಡು ಮತ್ತು ಆರು ಬರಬೇಕಾಗಿತ್ತವಾ. ನಿನ್ನ ಎರಡು ಏನೋ ಅಕಸ್ಮಾತ್ ಬಂದು ಕುಂತೈತಿ. ಮೈನಸ್ ಎರಡು ಎಲ್ಲಿಂದ ತಂದಿ? ಯಾರು ಕಲಿಸಿದ್ರು?"

ಯಾರೂ ಇಲ್ಲ ಅಂದೆ.

ದೊಡ್ಡವ್ವಾ, ಆ ಮಣೆಯನ್ನು ನನ್ನ ಆಗಸ್ಟಿನ ಪತ್ರ ಬರುವ ಮೊದಲು ಮಾಡಿಸಿದೆಯೋ, ಬಂದ ಮೇಲೆ ಮಾಡಿಸಿದೆಯೋ?

ಮೈಲಾರಿ


ಅಳ್ನಾವರ
ತಾ. 11-12-1985

ಫಕೀರವ್ವಕ್ಕನವರಿಗೆ ಹೊಳೆಯಪ್ಪನ ನಮಸ್ಕಾರ.

ಫಲಿತಾಂಶ ಬಂತು. ಗಣಿತಕ್ಕೆ ಮೂವತ್ತೊಂದು. ನಾಲ್ಕು ಕಡಿಮೆ. ಒಂದು ಲೆಕ್ಕ ಸರಿ ಬಂದಿದ್ದರೆ ಪಾಸಾಗುತ್ತಿದ್ದಳಂತೆ. ಯಾವ ಲೆಕ್ಕ ಎಂದು ನಿಮಗೆ ಗೊತ್ತು.

ನಾನು ಹೆಚ್ಚು ಓದಿದವನಲ್ಲ, ನಿಮ್ಮನ್ನು ತಪ್ಪು ಅನ್ನಲಾರೆ. ನಿನ್ನೆ ಊಟಕ್ಕೆ ಕೂತಾಗ ಮೈಲಾರಿ ನನಗೆ ಕೇಳಿದಳು: "ಅಪ್ಪಾ, ದೊಡ್ಡವ್ವ ಬೇಕಂತ ಹಂಗ ಹೇಳಿರಬಹುದೇನು?" ಅವಳ ಅವ್ವ ಬಾಯಿ ಮೇಲೆ ಹೊಡೆದಳು. ಮುಚ್ಚಿಡುವುದು ಸರಿಯಲ್ಲವೆಂದು ಬರೆದಿದ್ದೇನೆ.

ಸಂಕ್ರಮಣ ಮುಗಿದ ಮೇಲೆ ಅವಳನ್ನು ಕರೆದುಕೊಂಡು ಬರುತ್ತೇನೆ. ಮೊದಲೇ ಮಾತಾದ ಹಾಗೆ.

ಹೊಳೆಯಪ್ಪ


ಕಲಘಟಗಿ
ತಾ. 29-12-1985

ನನ್ನ ಮೈಲಾರಿ,

ಅಕ್ಟೋಬರದ ನಿನ್ನ ಪತ್ರಕ್ಕೆ ಎರಡು ತಿಂಗಳು ಉತ್ತರ ಬರೆಯಲಿಲ್ಲ. ನಾನು ಹೇಳಿದ್ದು ತಪ್ಪೆಂದು ಗೊತ್ತಾಗಿತ್ತು. ಯಾಕೆ ತಪ್ಪೆಂದು ಗೊತ್ತಿರಲಿಲ್ಲ. ಕಮಾನು ಕಣ್ಣ ಮುಂದೆ ಇದೆ, ದಾರ ಇದೆ, ಮೂರಿಂಚಿಗೆ ಕಾಲು ಮುಟ್ಟುತ್ತದೆ. ಇನ್ನು ತಪ್ಪು ಎಲ್ಲಿ ಅಡಗಿದೆ? ಪುಸ್ತಕದ ಲೆಕ್ಕದಲ್ಲಿ ಮೂರು ಹಾಕಿದೆ, ಐದು ಬಂತು. ಮೈನಸ್ ಮೂರು ಹಾಕಿದೆ, ಮೈನಸ್ ಐವತ್ತೈದು. ಸೊನ್ನೆ ಬರುವುದು ಎರಡಕ್ಕೆ, ಎಂಟಕ್ಕೆ, ಜುಲೈಯಲ್ಲಿ ನಾನೇ ಬರೆದಿದ್ದ ಹಾಗೆ. ಒಂದು ವಾರ ನನಗೆ ಬುದ್ಧಿಭ್ರಮೆಯಾದ ಹಾಗಿತ್ತು. ಗಿಳಿಗೆ ಕೆಂಪು ಬಣ್ಣ ಹಚ್ಚಿ ಕೂತಿದ್ದೆ.

ಅದನ್ನು ಬಿಡಿಸಿದವನು ಶರೀಫಸಾಬ. ಹೋದ ವಾರ ನನಗೆ ಜ್ವರ. ಸಂಶಿ ಊರಿನವರ ತೊಟ್ಟಿಲಿನ ಹಲಿಗೆಗೆ ಕಮಾನು ಕೊರೆಯಬೇಕಾಗಿತ್ತು. ಯಾವಾಗಲೂ ನಾನೇ ಹೋಗಿ ದಾರ ಹೊಡೆದು, ಗೆರೆ ಬರೆದು ಬರುತ್ತಿದ್ದೆ. ಅವನು ಗೆರೆಯ ಮೇಲೆ ಗರಗಸ ಆಡಿಸುತ್ತಿದ್ದ. ಏಳಲು ಆಗದ್ದಕ್ಕೆ ಪಕ್ಕದ ಮನೆಯ ತಾಯವ್ವನ ಕೈಯಲ್ಲಿ ಚೀಟಿ ಕಳಿಸಿದೆ: "ಹತ್ತು ಇಂಚಿನ ಹಲಿಗೆ. ಎತ್ತರ ಒಂಬತ್ತು. ಕಾಲು ಬಲಕ್ಕೆ ಮೂರು, ಎಡಕ್ಕೆ ಮೂರು."

ಸ್ವಲ್ಪ ಹೊತ್ತಿಗೆ ಶರೀಫಸಾಬ ಹಲಿಗೆಯನ್ನೇ ಹೊತ್ತುಕೊಂಡು ಬಾಗಿಲಿಗೆ ಬಂದ. "ಫಕೀರವ್ವಾರ, ಬಲಕ್ಕ ಮೂರು ಸಿಕ್ತು, ಗುರ್ತು ಹಾಕೇನಿ. ಎಡಕ್ಕ ಮೂರು ಎಲ್ಲೈತ್ರಿ? ಎಡಕ್ಕ ಹೋದ್ರ ಹಲಗೀನಽ ಇಲ್ಲ. ನಿಮ್ಮ ಕಮಾನಿನ ಒಂದು ಕಾಲು ಗಾಳ್ಯಾಗ ಐತಿ!"

"ನಡುದಾರದಿಂದ ಎಣಸಪಾ" ಅಂದೆ.

"ದಾರ ನಿಮ್ಮ ಮನಿ ಮೊಳಿಗೆ ಐತಿ. ಈ ಹಲಗಿ ಮ್ಯಾಲ ದಾರ ಎಲ್ಲೈತಿ? ನನ್ನ ಹಂತ್ಯಾಕ ಇರೂದು ಅಂಚು ಒಂದಽ. ನೀವು ಚೀಟಿ ಬರದ್ರ ಅಂಚಿನಿಂದ ಬರೀರಿ."

ಜ್ವರದಲ್ಲೇ ಎದ್ದು ಹೊಸ್ತಿಲ ಮೇಲೆ ಕೂತೆ ಮೈಲಾರಿ. ಅವನು ಹಲಿಗೆ ಹಿಡಿದು ನಿಂತೇ ಇದ್ದ. ನಲವತ್ತು ವರ್ಷದಿಂದ ದಾರ ಹೊಡೆದವಳಿಗೆ ಹಲಿಗೆಗೆ ಒಂದು ಅಂಚಿದೆ ಎಂಬುದೇ ಮರೆತುಹೋಗಿತ್ತು. ನಿನ್ನ ಪುಸ್ತಕ ಶರೀಫಸಾಬನ ಹಾಗೆ, ಅಂಚಿನಿಂದ ಎಣಿಸುತ್ತದೆ. ಅದರ x ಅಂಚಿನಿಂದ ನಡೆದ ದೂರ. ನಾನು ಅದಕ್ಕೆ ನನ್ನ ದಾರ ಕಟ್ಟಿ, ದಾರದಿಂದ ನಡೆದ ದೂರಕ್ಕೂ ಅದೇ x ಎಂಬ ಹೆಸರು ಇಟ್ಟುಬಿಟ್ಟೆ. ಕಾಲು ಬದಲಾಗಿಲ್ಲ, ಜಾಗವೂ ಬದಲಾಗಿಲ್ಲ. ನನ್ನ ದಾರ ಎಡ ಅಂಚಿನಿಂದ ಐದಿಂಚು, ಅದರ ಬಲಕ್ಕೆ ಮೂರು ಇರುವ ಕಾಲು ಅವನ ಅಂಚಿನಿಂದ ಎಂಟು. ನನ್ನ ಎಡಕ್ಕೆ ಮೂರು ಅವನಿಗೆ ಎರಡು. ಪರೀಕ್ಷೆಯವರು ಅಂಚಿನಿಂದ ಕೇಳಿದ್ದರು. ನಾವು ದಾರದಿಂದ ಹೇಳಿದೆವು.

ಈಗ ಆ ಮೂರು ರೂಪ ನೋಡು. (x − 2)(x − 8) ಎಂದರೆ ಕಾಲುಗಳು ಅಂಚಿನಿಂದ ಎಲ್ಲಿವೆ ಎಂಬ ಮಾತು, ಶರೀಫಸಾಬನಿಗೆ ಬೇಕಾದ ಮಾತು. −(x − 5)² + 9 ನನ್ನ ಮಾತು. ಅಂಚಿನಿಂದ ನಡೆದ ದೂರದಲ್ಲಿ ಐದು ಕಳೆದರೆ ದಾರದಿಂದ ಎಷ್ಟು ಸರಿದೆವು ಎಂದು ಸಿಗುತ್ತದೆ. ನಾನು ಆ ಮೈನಸ್ ಐದನ್ನು ನುಂಗಿಬಿಟ್ಟಿದ್ದೆ. ಇನ್ನು ಹತ್ತು, ಹದಿನಾರು. ಅವು ಬಳ್ಳಿಯಲ್ಲ. x − 5 ಅನ್ನು x − 5 ರಿಂದಲೇ ಗುಣಿಸು, x² − 10x + 25 ಬರುತ್ತದೆ. ಅದನ್ನು ಪೂರಾ ಒಂಬತ್ತರಲ್ಲಿ ಕಳೆ. ಹತ್ತು ಕೂಡುವ ಕಡೆಗೆ ಬಂತು. ಒಂಬತ್ತರಲ್ಲಿ ಇಪ್ಪತ್ತೈದು ಹೋದರೆ ಮೈನಸ್ ಹದಿನಾರು. ಬಂತಲ್ಲ! ಹೊಸ್ತಿಲ ಮೇಲೆ ಸುಣ್ಣದಲ್ಲಿ ಬರೆದು ನೋಡಿದೆ, ತಾಯವ್ವ ರಂಗೋಲಿ ಎಂದು ತಿಳಿದು ಸುತ್ತಿ ಹೋದಳು.

ಇಷ್ಟು ತಿಳಿದ ಮೇಲೆ ಖುಷಿಯಾಗಬೇಕಿತ್ತು. ಆಗಲಿಲ್ಲ. ನೀನು ಕೇಳಿದ ಮಾತಿಗೆ ಇನ್ನೂ ಉತ್ತರ ಕೊಟ್ಟಿಲ್ಲವಲ್ಲ.

ಮಣೆಯನ್ನು ನಿನ್ನ ಪತ್ರ ಬಂದ ಮೇಲೆ ಮಾಡಿಸಿದೆ. ಮೂರೋ, ಎಂಟೋ ಎಂದು ನೀನು ಕೇಳಿದ್ದೆ. ಆ ಪತ್ರ ಹದಿನಾಲ್ಕು ದಿನ ಗೂಡಿನಲ್ಲಿ ಇತ್ತು. ನನಗೂ ಅನುಮಾನ ಇತ್ತು. "ಗೊತ್ತಿಲ್ಲ ಮಗಳೇ, ಮಾಸ್ತರು ಬರುವ ತನಕ ತಡೆ" ಎಂದು ಬರೆಯಬಹುದಾಗಿತ್ತು. ಬರೆಯಲಿಲ್ಲ. ಗೊತ್ತಿದ್ದವಳ ಹಾಗೆ ಬರೆದೆ. ಆ ದಿನಗಳಲ್ಲಿ ಆರು ತೊಟ್ಟಿಲು ಕಣ್ಣ ಮುಂದೆ ನಿಂತಿದ್ದವು, ದಾರದ ಆ ತುದಿಗೆ ಮೊಳೆ ಇತ್ತು. ಸೊಕ್ಕಿನಿಂದ ಬರೆದೆನೋ, ಅವಸರದಿಂದ ಬರೆದೆನೋ, ನೀನು ಬಂದರೆ ಬರಲಿ ಎಂಬ ಆಸೆ ಒಳಗೆಲ್ಲೋ ಕೂತು ನನ್ನ ಕೈ ಹಿಡಿದು ಬರೆಸಿತೋ, ನಾಲ್ಕು ತಿಂಗಳಿಂದ ಕೇಳಿಕೊಳ್ಳುತ್ತಿದ್ದೇನೆ. ಬೇಕಂತ ಮಾಡಲಿಲ್ಲ ಎಂದು ಗಟ್ಟಿಯಾಗಿ ಹೇಳುವಷ್ಟು ನನ್ನನ್ನೇ ನಾನು ನಂಬಲಾರೆ. ಗೊತ್ತಿಲ್ಲದ್ದನ್ನು ಮತ್ತೊಮ್ಮೆ ಗೊತ್ತಿದ್ದವಳ ಹಾಗೆ ಬರೆಯಲಾರೆ.

ನಿಮ್ಮಪ್ಪನಿಗೆ ಬೇರೆ ಬರೆಯುತ್ತೇನೆ. ನೀನು ಇಲ್ಲಿಗೆ ಬರಬೇಡ.

ದೊಡ್ಡವ್ವ


ಕಲಘಟಗಿ
ತಾ. 2-1-1986

ಹೊಳೆಯಪ್ಪನಿಗೆ ಫಕೀರವ್ವನ ಆಶೀರ್ವಾದ.

ಮೈಲಾರಿಯನ್ನು ಕರೆದುಕೊಂಡು ಬರಬೇಡ. ನನಗೆ ಕೈ ಬೇಕಾಗಿಲ್ಲ. ಬಂದರೆ ಸಂಜೆಯ ಬಸ್ಸಿಗೆ ನಿಮ್ಮಿಬ್ಬರನ್ನೂ ಹತ್ತಿಸಿ ಕಳಿಸುತ್ತೇನೆ, ಚಹಾ ಕೊಟ್ಟು.

ತಪ್ಪು ಉತ್ತರ ನನ್ನದು. ನನ್ನ ಉತ್ತರಕ್ಕೆ ಅವಳನ್ನು ಬೀಳಿಸಿದ್ದಾರೆ. ನೀನು ಹಳಿ ನೋಡಿಕೊಳ್ಳುವವನು. ಬೋಲ್ಟು ಸಡಿಲ ಬಿಟ್ಟವರು ಒಬ್ಬರು, ಸಂಬಳ ಹಿಡಿಯುವುದು ಇನ್ನೊಬ್ಬರದು ಎಂದರೆ ನೀನು ಒಪ್ಪುತ್ತೀಯೇನು? ಏಪ್ರಿಲ್ ಪರೀಕ್ಷೆಗೆ ಈ ತಿಂಗಳೇ ಅರ್ಜಿ ತುಂಬಬೇಕೆಂದು ಇಲ್ಲಿಯ ಶಾಲೆಯಲ್ಲಿ ಕೇಳಿ ಬಂದಿದ್ದೇನೆ. ತುಂಬು. ಮಾಸ್ತರರ ಮನೆಗೆ ನೀನೇ ಅವಳನ್ನು ಕರೆದುಕೊಂಡು ಹೋಗು, ಅವಳಿಗೆ ನಾಚಿಕೆ.

ಮಣೆಯನ್ನು ಒಡೆದು ಒಲೆಗೆ ಹಾಕು ಎಂದು ಶರೀಫಸಾಬನಿಗೆ ಹೇಳಿದೆ. "ಮಣಿ ಏನ್ ತಪ್ಪು ಮಾಡೈತ್ರಿ?" ಎಂದು ತನ್ನ ಮನೆಗೆ ಒಯ್ದ. ಅದರ ಮೇಲೆ ಅವನ ಹೆಂಡತಿ ಜುಲೇಖಾಬಿ ಕೂತು ರೊಟ್ಟಿ ಬಡಿಯುತ್ತಾಳೆ.

ಫಕೀರವ್ವ


ಅಳ್ನಾವರ
ತಾ. 5-6-1986

ದೊಡ್ಡವ್ವಾ,

ಇಷ್ಟು ದಿನ ಬರೆಯಲಿಲ್ಲ. ಸಿಟ್ಟಿನಿಂದಲ್ಲ. ಮೊದಲು ಸಿಟ್ಟಿತ್ತು, ಆಮೇಲೆ ನಾಚಿಕೆ ಬಂತು. ಯಾಕೆ ಎಂದು ಹೇಳುತ್ತೇನೆ.

ಗಣಿತಕ್ಕೆ ಐವತ್ತಮೂರು ಬಂದಿದೆ. ಅಪ್ಪ ಫಲಿತಾಂಶ ಬಂದ ದಿನಪತ್ರಿಕೆ ಹಿಡಿದುಕೊಂಡು ಸ್ಟೇಷನ್ನಿಗೆ ಹೋಗಿ ಎಲ್ಲರಿಗೂ ತೋರಿಸಿ ಬಂದ. ಅದರಲ್ಲಿ ನನ್ನ ನಂಬರು ಅಷ್ಟೇ ಇದೆ, ಅಂಕ ಇಲ್ಲ ಎಂದರೂ ಕೇಳಲಿಲ್ಲ. ಅರ್ಜಿ ತುಂಬಿದ ದಿನ ಮಾಸ್ತರರ ಮುಂದೆ ಅವನೇ ಅಂದಿದ್ದ: "ಸರ್, ಈಕಿಗೆ ಅಂಚಿನಿಂದ ಎಣಸೂದು ಕಲಸ್ರಿ. ನಡುವಿನಿಂದ ಎಣಸೂದು ಆಕಿಗೆ ಬರತೈತಿ." ನಿನ್ನ ಡಿಸೆಂಬರದ ಪತ್ರವನ್ನು ಅವನು ಅವ್ವನಿಗೆ ಎರಡು ಸಲ ಓದಿ ಹೇಳಿದ್ದಾನೆ.

ಈ ಸಲ ಬಂದ ಲೆಕ್ಕ: y = x² − 6x + 5. ಅಂಚಿನಿಂದ ಕಾಲು ಹುಡುಕಿದೆ, (x − 1)(x − 5). ದಾರ ಹುಡುಕಿದೆ, (x − 3)² − 4. ಬರೆಯುತ್ತ ಬರೆಯುತ್ತ ನೋಡಿದರೆ ಕಮಾನು ತಲೆಕೆಳಗಾಗಿದೆ! ನಡುವೆ ನಾಲ್ಕು ಕೆಳಗೆ ಇಳಿದು ಎರಡೂ ಕಡೆ ಮೇಲೆ ಏರುತ್ತದೆ. ದೊಡ್ಡವ್ವಾ, ಅದು ತೊಟ್ಟಿಲು. ಪರೀಕ್ಷೆಯ ಹಾಲಿನಲ್ಲಿ ನಕ್ಕುಬಿಟ್ಟೆ. ಕಾವಲಿಗಿದ್ದವರು ಬಂದು ನನ್ನ ಕೈಯೊಳಗೆ ಚೀಟಿ ಇದೆಯೇನೋ ಎಂದು ನೋಡಿದರು.

ಈಗ ನಾಚಿಕೆಯ ಮಾತು. ಅಕ್ಟೋಬರದಲ್ಲಿ ನಿನ್ನ ಉತ್ತರ ಬರೆಯುವ ಮೊದಲು ಕೊನೆಯ ಹಾಳೆಯಲ್ಲಿ ತಾಳೆ ನೋಡಿದ್ದೆ. −2 ಹಾಕಿದೆ, ಸೊನ್ನೆ ಬರಬೇಕಾಗಿತ್ತು. −32 ಬಂತು. ಎರಡು ಸಲ ಮಾಡಿದೆ, −32. ತಪ್ಪೆಂದು ನನಗೆ ಅಲ್ಲೇ ಗೊತ್ತಾಯಿತು. ಇನ್ನೂ ಅರ್ಧ ಗಂಟೆ ಉಳಿದಿತ್ತು. ಆ −32 ರ ಮೇಲೆ ಗೀಚಿ, ಉತ್ತರದ ಜಾಗದಲ್ಲಿ −2 ಎಂದೇ ಬರೆದು ಕೊಟ್ಟು ಬಂದೆ.

ಯಾಕೆ ಎಂದು ಕೇಳಬೇಡ. ನಿನ್ನ ಮಾತು ಮೀರಬಾರದು ಎಂದೋ, ಧಾರವಾಡಕ್ಕೆ ಹೋಗಲು ಹೆದರಿಕೆಯಾಗಿಯೋ, ನಿನ್ನ ಪಕ್ಕದ ಆ ಮಣೆ ಕಣ್ಣ ಮುಂದೆ ಬಂದೋ, ನನಗೂ ತಿಳಿಯದು. ಬೇಕಂತ ಮಾಡಿದಳೇನು ಎಂದು ಅಪ್ಪನಿಗೆ ಕೇಳಿದಾಗ ನಾನು ಯಾರ ಬಗ್ಗೆ ಕೇಳುತ್ತಿದ್ದೆನೋ ಅದೂ ಈಗ ಅನುಮಾನ. ಅವ್ವ ಹೊಡೆದದ್ದು ಸರಿಯಾದ ಬಾಯಿಗೇ ಬಿತ್ತು.

ಕಾಲೇಜು ಜುಲೈಗೆ ಶುರು. ಅಷ್ಟರೊಳಗೆ ಹದಿನೈದು ದಿನ ನಿನ್ನ ಹತ್ತಿರ ಬರುತ್ತೇನೆ. ಸಂಜೆಯ ಬಸ್ಸಿಗೆ ಹತ್ತಿಸಿದರೆ ಬೆಳಗಿನ ಬಸ್ಸಿಗೆ ತಿರುಗಿ ಬರುತ್ತೇನೆ. ಜುಲೇಖಾಬಿಯವರಿಗೆ ಮಣೆ ಬಿಡಲು ಹೇಳು.

ನಿನ್ನ
ಮೈಲಾರಿ


ಕಲಘಟಗಿ
ತಾ. 12-6-1986

ಚಿ. ಮೈಲಾರಿಗೆ,

ನಿನ್ನ ಪತ್ರವನ್ನು ಶರೀಫಸಾಬನಿಗೂ ಓದಿ ಹೇಳಿದೆ. −32 ರ ತನಕ ಕೇಳಿ, "ಇಬ್ರೂ ಕೂಡಿ ಬಿದ್ರಿ. ನನ್ನ ಹೆಸರೊಂದ ಬರಸಲಿಲ್ಲ" ಅಂದ.

ಜುಲೇಖಾಬಿ ಮಣೆ ಬಿಡುವುದಿಲ್ಲವಂತೆ, ಸೊಂಟಕ್ಕೆ ಸರಿ ಹೊಂದಿದೆಯಂತೆ. ನಿನಗೆ ಗೋಣಿಚೀಲ ಮಡಚಿ ಹಾಕುತ್ತೇನೆ. ಹದಿನೈದೇ ದಿನ. ಹದಿನಾರನೆಯ ದಿನ ನಾನು ನಿನ್ನನ್ನು ಉಳಿಸಿಕೊಳ್ಳಲು ಏನಾದರೂ ನೆಪ ಹೇಳಿದರೆ ನಂಬಬೇಡ. ನಾನು ನಂಬಿಕೆಯ ಹೆಂಗಸಲ್ಲ, ನೀನೂ ಅಲ್ಲ.

ಬರುವ ಗುರುವಾರ ಬಾ. ಸಂಶಿಯಿಂದ ಮತ್ತೊಂದು ತೊಟ್ಟಿಲು ಬಂದಿದೆ, ಎಂಟು ಹಲಿಗೆ, ಒಂದಕ್ಕೂ ದಾರ ಹೊಡೆದಿಲ್ಲ. ಗೋಡೆಯ ಮೊಳೆ ಕಿತ್ತಿದ್ದೇನೆ.

ದೊಡ್ಡವ್ವ